ಕೇಕಿಗೆ ಬಿದ್ದ ಸುಣ್ಣ

ನನ್ನ ಸುಣ್ಣದ ಡಬ್ಬಿ ಅಡುಗೆಮನೆಯೊಳಗೆ ಬರುವಂತಿಲ್ಲ. ಜಗಲಿಯ ಕಿಟಕಿಯ ಮೇಲೆ, ಕರುವಿಗೆ ಕುಡಿಸುವ ಔಷಧಿಯ ಬಾಟಲಿಯ ಪಕ್ಕದಲ್ಲಿ ಅದಕ್ಕೀಗ ಜಾಗ. ಎಲೆ ಅಡಿಕೆ ಹಾಕಿಕೊಳ್ಳಬೇಕೆನಿಸಿದಾಗಲೆಲ್ಲ ಎದ್ದು ಅಲ್ಲಿಗೇ ಹೋಗಬೇಕು. ನನಗೋ ಮಂಡಿ ನೋವು. ಹೋಗುವಾಗ ಒಂದು ಸಲ, ಬರುವಾಗ ಒಂದು ಸಲ ನನ್ನನ್ನು ನಾನೇ ಬೈದುಕೊಳ್ಳುತ್ತೇನೆ. ಡಬ್ಬಿಯನ್ನು ಅಲ್ಲಿಗೆ ದಾಟಿಸಿದವಳು ನನ್ನ ಸೊಸೆ ಲತಾ. ಅವಳ ತಪ್ಪೇನಿಲ್ಲ. ಕೇಕಿಗೆ ಸುಣ್ಣ ಹಾಕಿದವಳು ನಾನು.

ನೀವು ನಗುತ್ತೀರಿ ಅಂತ ಗೊತ್ತು. ನಗಿ. ಆದರೆ ಪೂರ್ತಿ ಕೇಳಿಕೊಂಡು ನಗಿ.

ಕಳೆದ ದೀಪಾವಳಿ ಆದ ಮೇಲೆ ನನ್ನ ಮಗ ಶಿವು ನನ್ನನ್ನು ಒಲೆಯಿಂದ ಕೆಳಗಿಳಿಸಿದ. ಕಾರಣ ಇತ್ತು. ಒಂದು ದಿನ ಹಾಲು ಕಾಯಲು ಇಟ್ಟು ಹಿತ್ತಲಲ್ಲಿ ಪಕ್ಕದ ಮನೆಯವಳ ಜೊತೆ ಮಾತಿಗೆ ನಿಂತೆ. ಪಾತ್ರೆ ಕರಿಯ ಹಂಚಿನಂತಾಯಿತು. ಇನ್ನೊಂದು ದಿನ ಗ್ಯಾಸು ತಿರುವಿದೆ, ಹಚ್ಚುವುದರೊಳಗೆ ಕರು ಹಗ್ಗ ಬಿಚ್ಚಿಕೊಂಡಿತು, ಅದರ ಹಿಂದೆ ಓಡಿದೆ. ವಾಪಸು ಬಂದಾಗ ಶಿವು ಎಲ್ಲ ಕಿಟಕಿ ತೆಗೆದು, ಮುಖ ಕೆಂಪಗೆ ಮಾಡಿಕೊಂಡು ನಿಂತಿದ್ದ. ಅವನು ಕೂಗಾಡಲಿಲ್ಲ. ಕೂಗಾಡಿದ್ದರೆ ನಾನೂ ಕೂಗಾಡುತ್ತಿದ್ದೆ, ಅಲ್ಲಿಗೆ ಮುಗಿಯುತ್ತಿತ್ತು. ಸುಮ್ಮನೆ ಲೈಟರು ತೆಗೆದುಕೊಂಡು ನನ್ನ ಕೈಗೆ ಎಟುಕದ ಮೊಳೆಗೆ ನೇತುಹಾಕಿದ. ಲತಾ ಎತ್ತರದ ಹೆಂಗಸು, ಅವಳಿಗೆ ಎಟುಕುತ್ತದೆ.

"ಅವ್ವ, ಇನ್ಮ್ಯಾಕೆ ನೀನು ಸ್ಟೌ ತಾವ್ಕೆ ಹೋಗ್ಬ್ಯಾಡ. ಬೆಳ್ಳುಳ್ಳಿ ಸುಲ್ಕೊಡು, ಅಷ್ಟೇ ಸಾಕು" ಅಂದ.

ಮದುವೆಯಾಗಿ ಅರಕೆರೆಗೆ ಬಂದ ಮೂರನೇ ದಿನದಿಂದ ಒಲೆ ಮುಂದೆ ನಿಂತವಳು ನಾನು. ನಾಟಿ ಆಳುಗಳಿಗೆ ಮೂವತ್ತು ಮುದ್ದೆ ಒಂದೇ ಸಲಕ್ಕೆ ತೊಳಸಿದ್ದೇನೆ. ಈಗ ಮಣೆಯ ಮೇಲೆ ಕೂತು ಬೆಳ್ಳುಳ್ಳಿ ಸುಲಿಯುವುದು. ಸುಲಿದೆ. ಎಷ್ಟು ಸುಲಿದೆನೆಂದರೆ ನಮ್ಮ ಮನೆಯಲ್ಲಿ ಒಂದು ತಿಂಗಳು ಕಾಫಿಯೂ ಬೆಳ್ಳುಳ್ಳಿ ವಾಸನೆ ಹೊಡೆಯುತ್ತಿತ್ತು.

ಹೀಗೇ ಇದ್ದುಬಿಡುತ್ತಿದ್ದೆನೋ ಏನೋ, ಅಷ್ಟರಲ್ಲಿ ಅಕ್ಕ ಬರುತ್ತಾಳೆಂಬ ಸುದ್ದಿ ಬಂತು.

ಅಕ್ಕ ದೊಡ್ಡತಾಯಿ, ನಾನು ಸಣ್ಣತಾಯಿ. ನಾವಿಬ್ಬರೂ ಪಾಂಡವಪುರದ ಕಡೆಯ ಕ್ಯಾತನಹಳ್ಳಿಯವರು. ಅವಳನ್ನು ಕೆ.ಆರ್. ಪೇಟೆ ತಾಲ್ಲೂಕಿನ ಬೂಕನಕೆರೆಗೆ ಕೊಟ್ಟರು, ನನ್ನನ್ನು ಇಲ್ಲಿಗೆ. ನನಗಿಂತ ನಾಲ್ಕು ವರ್ಷಕ್ಕೆ ದೊಡ್ಡವಳು. ಅಡುಗೆಯ ವಿಷಯದಲ್ಲಿ ಮಾತ್ರ ನಲವತ್ತು ವರ್ಷಕ್ಕೆ ದೊಡ್ಡವಳಂತೆ ಆಡುತ್ತಾಳೆ. ಫೋನು ಮಾಡಿದಾಗಲೆಲ್ಲ ಮೊದಲು ಕೇಳುವ ಮಾತು "ಏನ್ ಸಾರು ಮಾಡ್ದೆ?" ಅಂತ. ನಾನೂ ಲತಾ ಮಾಡಿದ ಸಾರನ್ನು ನಾನೇ ಮಾಡಿದೆನೆಂದು ಎರಡು ತಿಂಗಳು ಸುಳ್ಳು ಹೇಳಿಕೊಂಡು ಬಂದಿದ್ದೆ. ಫೋನಿನಲ್ಲಿ ನಡೆಯುತ್ತದೆ. ಮನೆಗೇ ಬಂದು ಎರಡು ದಿನ ಕೂತರೆ? ನನ್ನನ್ನು ಒಲೆಯಿಂದ ಇಳಿಸಿದ್ದಾರೆಂದು ಅವಳ ಕಣ್ಣಿಗೆ ಬೀಳುವುದಕ್ಕಿಂತ ಕಾಲುವೆಗೆ ಬೀಳುವುದೇ ಮೇಲು ಅನ್ನಿಸಿತು. ಕಾಲುವೆಯಲ್ಲಿ ಆಗ ನೀರು ನಿಲ್ಲಿಸಿದ್ದರು, ಅದು ಬೇರೆ ಮಾತು.

ಅಕ್ಕ ಬರುತ್ತಿದ್ದುದು ತನ್ನ ಹುಟ್ಟಿದ ಹಬ್ಬಕ್ಕೆ. ಅವಳು ಯಾವತ್ತು ಹುಟ್ಟಿದಳೋ ಅವ್ವನಿಗೇ ಗೊತ್ತಿರಲಿಲ್ಲ. ಕಬ್ಬು ಕಡಿಯುವ ಕಾಲ ಅನ್ನುತ್ತಿದ್ದಳು, ಅಷ್ಟೇ. ಆದರೆ ಆಧಾರ್ ಕಾರ್ಡಿನಲ್ಲಿ ಜನವರಿ ಒಂದು ಅಂತಿದೆ. ನನ್ನದರಲ್ಲೂ ಅದೇ ಇದೆ. ನಮ್ಮ ಬೀದಿಯಲ್ಲಿ ನನ್ನ ವಯಸ್ಸಿನವರೆಲ್ಲ ಜನವರಿ ಒಂದರಂದೇ ಹುಟ್ಟಿದವರು. ಅವತ್ತು ಹೆರಿಗೆ ಮಾಡಿಸಿದ ಸೂಲಗಿತ್ತಿಯ ಪಾಡು ಏನಾಗಿರಬೇಡ! ಲತಾ ಈ ಕಾರ್ಡನ್ನು ನಂಬಿದಳು. "ದೊಡ್ಡತ್ತೆಗೆ ಒಂದು ಕೇಕು ಮಾಡನ, ನಿಮ್ದೂ ಆಯ್ತದೆ, ಹೊಸ ವರ್ಷಕ್ಕೂ ಆಯ್ತದೆ" ಅಂದಳು.

ಲತಾ ನಾಗಮಂಗಲದ ಕಡೆಯವಳು. ಬೆದ್ದಲು ಸೀಮೆ, ರಾಗಿ ಹುರುಳಿ ಬೆಳೆಯುವ ಜಾಗ. ಹಾಗಾಗಿ ಕಬ್ಬು, ಬೆಲ್ಲ, ಸಿಹಿ ಅಂತ ಮಾತು ಬಂದರೆ ನಾನು ಅವಳ ಮುಂದೆ ಸ್ವಲ್ಪ ಬೀಗುತ್ತಿದ್ದೆ. ಸ್ವಲ್ಪ ಅಂದೆನಲ್ಲ, ಅದು ಸುಳ್ಳು. ಅವಳು ಫೋನು ನೋಡಿಕೊಂಡು ಕೇಕು ಕಲಿತಾಗ ನಾನು ಆಡದ ಮಾತಿಲ್ಲ. ಚಾಕೊಲೇಟಿನ ಪುಡಿ ನೋಡಿ "ಇದು ಸೀದ ರಾಗಿ ಹಿಟ್ಟು, ನಿಮ್ಮೂರಿಂದ ತಂದ್ಯೇನಮ್ಮಿ?" ಅಂದಿದ್ದೆ. ಓವನ್ನು ನೋಡಿ "ಕೋಳಿ ಕೂಡಾಕದು" ಅಂದಿದ್ದೆ. ಆಮೇಲೆ ಅವಳು ಮಾಡಿದ ಕೇಕನ್ನು ಯಾರೂ ಇಲ್ಲದಾಗ ನಾಲ್ಕು ಹೋಳು ತಿಂದೆ. ಅದನ್ನು ಅವಳಿಗೆ ಹೇಳಲಿಲ್ಲ, ಇರುವೆಗಳ ಮೇಲೆ ಹಾಕಿದೆ.

ಲತಾ ಅಕ್ಕನಿಗೆ ಕೇಕು ಅಂದ ದಿನ ರಾತ್ರಿ ಊಟಕ್ಕೆ ಕೂತಾಗ ನಾನು ಶಿವುಗೆ ಹೇಳಿದೆ: "ಕೇಕಿನ ಒಳೀಕೆ ಹಾಕೋ ಹುಳಿ ಪಾಕ ನಾನೇ ಕಾಯಿಸ್ತೀನಿ ಕಣ್ಲಾ. ಸರಿಯಾಗ್ ಬಂದ್ರೆ ನನ್ ಲೈಟ್ರು ನಂಗೆ ಕೊಟ್ಬುಡ್ಬೇಕು."

"ಬರ್ನಿಲ್ಲ ಅಂದ್ರೆ?"

"ಸಾಯೋಗಂಟ ಬೆಳ್ಳುಳ್ಳಿ ಸುಲೀತೀನಿ."

"ಅಷ್ಟೊಂದ್ ಬೆಳ್ಳುಳ್ಳಿ ನಾನ್ ಎಲ್ಲಿಂದ ತರ್ಲಿ?" ಅಂದ ಶಿವು. ಆದರೂ ಒಪ್ಪಿದ. "ಲತಾ ಸ್ಟೌ ಅಂಟಿಸಿಕೊಡ್ಲಿ, ನೀನ್ ತಿರುವು. ದೊಡ್ಡವ್ವಂಗೂ ಇಷ್ಟ ಆಗ್ಬೇಕು, ನಂಗೂ ಇಷ್ಟ ಆಗ್ಬೇಕು. ಆಗ ಲೈಟ್ರು ನಿಂದು."

ನನಗೆ ಅಷ್ಟು ಧೈರ್ಯ ಎಲ್ಲಿಂದ ಬಂತು ಅಂದರೆ, ನಮ್ಮಪ್ಪ ಆಲೆಮನೆ ನಡೆಸಿದವನು. ಕಬ್ಬು ಅರೆದು ಬೆಲ್ಲ ಮಾಡುವ ಮನೆ. ಕೊಪ್ಪರಿಗೆಯ ತುಂಬ ಕಬ್ಬಿನ ಹಾಲು ಕುದಿಯುತ್ತಿದ್ದರೆ ಅಪ್ಪ ದೂರದಲ್ಲಿ ಬೀಡಿ ಸೇದುತ್ತ ಕೂತು, ಕುದಿಯುವ ಸದ್ದಿನ ಮೇಲೇ "ಇಳಿಸ್ರಲಾ" ಅನ್ನುತ್ತಿದ್ದ. ಅನುಮಾನ ಬಂದರೆ ಒಂದು ತೊಟ್ಟು ತಣ್ಣೀರಿಗೆ ಬಿಟ್ಟು, ಬೆರಳಲ್ಲಿ ಉರುಳಿಸಿ ನೋಡುವನು. ಉಂಡೆಯಾದರೆ ಪಾಕ ಬಂದ ಹಾಗೆ. ಆ ಉಂಡೆ ನನಗೋ ಅಕ್ಕನಿಗೋ ಸೇರಬೇಕು. ಅದಕ್ಕೆ ಜಡೆ ಹಿಡಿದು ಜಗಳ.

ಒಂದು ಮಧ್ಯಾಹ್ನ ಅಪ್ಪ ಊಟಕ್ಕೆ ಹೋಗಿದ್ದ. ನಮ್ಮಿಬ್ಬರ ಮಡಿಲಲ್ಲೂ ಕದ್ದು ತಂದ ನಿಂಬೆಹಣ್ಣು. ಅಷ್ಟು ದೊಡ್ಡ ಕೊಪ್ಪರಿಗೆ, ಅಷ್ಟು ಸಿಹಿ, ಇದಕ್ಕೆ ನಿಂಬೆ ಹಿಂಡಿದರೆ ಲೋಕದಲ್ಲಿ ಯಾರೂ ಕುಡಿಯದಂಥ ಪಾನಕ ಆಗುತ್ತದೆಂದು ನಾವು ತೀರ್ಮಾನ ಮಾಡಿದೆವು. ಹಿಂಡಿದೆವು. ಇಪ್ಪತ್ತು ಹಣ್ಣಾದರೂ ಇದ್ದವು. ಆ ದಿನದ ಬೆಲ್ಲ ಅಚ್ಚಿನಲ್ಲಿ ಕೂರಲೇ ಇಲ್ಲ. ಎಷ್ಟು ಕಾಯಿಸಿದರೂ ಅಂಟಂಟು ಪಾಕವಾಗಿಯೇ ಉಳಿಯಿತು. ಒಲೆಯ ಬೂದಿಯಲ್ಲಿ ನಿಂಬೆ ಸಿಪ್ಪೆ ಕಂಡ ಅಪ್ಪ ಕಬ್ಬಿನ ಸೋಗೆ ತೆಗೆದುಕೊಂಡ. ಹಿಂಡಿದ್ದು ಸಣ್ಣತಾಯಿ ಅಂತ ಅಕ್ಕ, ದೊಡ್ಡತಾಯಿ ಅಂತ ನಾನು. ಇಬ್ಬರಿಗೂ ಸಮನಾಗಿ ಬಿತ್ತು. ಈ ವಿಷಯದಲ್ಲಿ ನಮಗೆ ಇನ್ನೂ ರಾಜಿಯಾಗಿಲ್ಲ.

ಅವತ್ತು ಬೆನ್ನು ಉಜ್ಜಿಕೊಳ್ಳುತ್ತ ಕೇಳಿಸಿಕೊಂಡ ಪಾಠ ಒಂದಿತ್ತು. ಅಪ್ಪ ಆಳುಗಳಿಗೆ ಹೇಳಿದ: "ಹುಳಿ ಇದ್ರೆ ಪಾಕ ಕೂರಲ್ಲ. ಹುಳಿ ಹೊಡೀಬೇಕು ಅಂದ್ರೆ ಸುಣ್ಣ ಹಾಕ್ಬೇಕು." ಆಲೆಮನೆಯಲ್ಲಿ ಕಬ್ಬಿನ ಹಾಲಿಗೆ ಸುಣ್ಣದ ನೀರು ಹಾಕುವುದು ವಾಡಿಕೆ. ಮೂರನೇ ಕ್ಲಾಸಿಗೆ ಸ್ಕೂಲು ಬಿಟ್ಟ ನನಗೆ ಮೇಷ್ಟರು ಹೇಳಿದ್ದು ಒಂದೂ ನೆನಪಿಲ್ಲ. ಇದು ಮಾತ್ರ ನೆನಪಿತ್ತು. ನೆನಪಿರಬಾರದಿತ್ತು.

ಡಿಸೆಂಬರ್ ಮೂವತ್ತೊಂದರ ಸಾಯಂಕಾಲ. ಲತಾ ಕೇಕು ಬೇಯಿಸಿ, ಆರಿಸಿ, ದಾರ ಹಿಡಿದು ಅಡ್ಡಕ್ಕೆ ಮೂರು ಪದರ ಮಾಡಿ ಇಟ್ಟಿದ್ದಳು. ಎಷ್ಟು ನೀಟಾಗಿ ಸೀಳಿದ್ದಳೆಂದರೆ ನಾನು ಬೈಯಲು ಏನೂ ಸಿಗದೆ "ದಾರ ತೊಳೆದಿದ್ದ್ಯಾ?" ಅಂದೆ. ಪದರಗಳ ನಡುವೆ ತುಂಬಲು ಹುಳಿಸಿಹಿ ಆಗಬೇಕು. ಪುಸ್ತಕದಲ್ಲಿ ಅವಳು ಕಿತ್ತಳೆ ಅಂತ ಬರೆದುಕೊಂಡಿದ್ದಳು. ಹಿತ್ತಲಲ್ಲಿ ಹೇರಳೆಕಾಯಿ ಗಿಡ ಇರುವಾಗ ಕಿತ್ತಳೆ ಯಾಕೆ? ಉಪ್ಪಿನಕಾಯಿಗೆ, ಚಿತ್ರಾನ್ನಕ್ಕೆ ಆಗುವುದು ಕೇಕಿಗೂ ಆಗುತ್ತದೆ. ಗಿಡದಲ್ಲಿ ಉಳಿದಿದ್ದ ನಾಲ್ಕನ್ನೂ ಕಿತ್ತು ಹಿಂಡಿದೆವು. ರಸ, ಸಕ್ಕರೆ, ಮೊಟ್ಟೆಯ ಹಳದಿ, ಬೆಣ್ಣೆ, ಒಂದು ಚಮಚ ಕಾರ್ನ್ ಫ್ಲೋರು. ಬಣ್ಣ ಪೇಲವವಾಗಿದೆ ಅಂತ ಲತಾ ಎರಡು ಚಿಟಿಕೆ ಅರಿಶಿನ ಹಾಕಿದಳು. ಸ್ಟೌ ಹಚ್ಚಿಕೊಟ್ಟಳು.

"ಅತ್ತೆ, ಸಣ್ಣ ಉರೀಲಿ ಕೈ ಬುಡ್ದಂಗೆ ತಿರುವಿ. ಚಮಚದ ಬೆನ್ನಿಗೆ ಅಂಟ್ಕಂಡ್ರೆ ಆಯ್ತು, ಇಳಿಸ್ಬುಡಿ. ಆರಿದ್ ಮ್ಯಾಲೆ ಅದೇ ಗಟ್ಟಿ ಆಯ್ತದೆ. ನಾನು ಡೈರಿಗೆ ಹಾಲು ಹಾಕ್ಬುಟ್ಟು ಬತ್ತೀನಿ."

"ನಂಗೆ ಪಾಕ ಹೇಳ್ಕೊಡ್ತೀಯಾ?" ಅಂದೆ. ಅವಳು ಕ್ಯಾನು ಎತ್ತಿಕೊಂಡು ಹೋದಳು.

ತಿರುವಿದೆ. ಚಮಚದ ಬೆನ್ನಿಗೆ ಅಂಟಿಕೊಂಡಿತು. ಅಲ್ಲಿಗೆ ಇಳಿಸಿದ್ದರೆ ಈ ಕಥೆಯೇ ಇಲ್ಲ. ಆದರೆ ಅದೂ ಒಂದು ಪಾಕವೇ? ನಾನು ಬಟ್ಟಲಲ್ಲಿ ತಣ್ಣೀರು ತಂದು ಒಂದು ತೊಟ್ಟು ಬಿಟ್ಟೆ. ಕರಗಿಹೋಯಿತು. ಉರಿ ಜಾಸ್ತಿ ಮಾಡಿದೆ. ಮತ್ತೆ ಬಿಟ್ಟೆ, ಮತ್ತೆ ಕರಗಿತು. ಬೆರಳಿಗೆ ಉಂಡೆ ಸಿಗಲೇ ಇಲ್ಲ. ಬೆಳಗಾದರೆ ಅಕ್ಕ ಬಸ್ಸಿಳಿಯುತ್ತಾಳೆ, ನಾನು ಮಣೆಯ ಮೇಲೆ ಬೆಳ್ಳುಳ್ಳಿ ಹಿಡಿದು ಕೂತಿರುತ್ತೇನೆ. ಆಗ ಅಪ್ಪನ ಮಾತು ನೆನಪಾಯಿತು. ಹುಳಿ ಇದ್ದರೆ ಪಾಕ ಕೂರಲ್ಲ. ಸೊಂಟದ ಚೀಲದಲ್ಲೇ ಡಬ್ಬಿ ಇತ್ತು. ಎಲೆಗೆ ಹಚ್ಚುವಷ್ಟು ಸುಣ್ಣ ತೆಗೆದು ಹಾಕಿ ತಿರುವಿದೆ. ಏನೂ ಆಗಲಿಲ್ಲ. ಹೆಬ್ಬೆರಳಿನ ಗಾತ್ರದ್ದು ಹಾಕಿದೆ. ಸಾಲದು ಅನ್ನಿಸಿತು. ಡಬ್ಬಿಯನ್ನೇ ಬಳಿದು ಹಾಕಿದೆ.

ಪಾತ್ರೆಯಲ್ಲಿದ್ದುದು ಕಣ್ಣೆದುರಿಗೇ ಕೆಂಪಗಾಯಿತು.

ಅರಿಶಿನಕ್ಕೆ ಸುಣ್ಣ ಬಿದ್ದರೆ ಕೆಂಪಾಗುತ್ತದೆಂದು ಯಾವ ಹೆಂಗಸಿಗೆ ಗೊತ್ತಿಲ್ಲ? ಮದುವಣಿಗರಿಗೆ, ಬಾಣಂತಿಯರಿಗೆ ನಾನು ಕಲಸಿ ಎತ್ತಿದ ಕೆಂಪಾರತಿ ಲೆಕ್ಕವಿಲ್ಲ. ಆದರೆ ಕೈಯಲ್ಲಿ ಆರತಿ ತಟ್ಟೆ ಇದ್ದಾಗ ನೆನಪಾಗುವುದು ಕೇಕಿನ ಪಾತ್ರೆ ಇದ್ದಾಗ ನೆನಪಾಗಬೇಕೆಂದು ಏನಿದೆ? ಗಾಬರಿಯಲ್ಲಿ ನಾನು ಇನ್ನೊಂದು ಕೆಲಸ ಮಾಡಿದೆ. ಹಳದಿ ವಾಪಸು ಬರಲಿ ಅಂತ ಇನ್ನೂ ಒಂದು ಚಮಚ ಅರಿಶಿನ ಸುರಿದೆ. ಅದೂ ಕೆಂಪಗಾಯಿತು.

ಲತಾ ಬಂದು ಪಾತ್ರೆ ನೋಡಿದಳು. "ಇದೇನತ್ತೆ, ಯಾರ್ಗೆ ಆರತಿ?"

"ಸೋಡಾ ವಸಿ ಬಿದ್ಬುಡ್ತು" ಅಂದೆ. ಅವಳ ಸೋಡಾ ಪುಡಿಯ ಡಬ್ಬ ಪಕ್ಕದಲ್ಲೇ ಇತ್ತು, ಪಾಪ, ಅದರ ಮೇಲೆ ಹಾಕಿದೆ. ಅವಳು ಬೆರಳ ತುದಿಯಲ್ಲಿ ನೆಕ್ಕಿ ಸೋಡಾ ಡಬ್ಬದ ಕಡೆ ಒಮ್ಮೆ ನೋಡಿದಳು. "ಹುಳೀನೇ ಹೊಂಟೋಗದಲ್ಲ" ಅಂದಳು. ಗಿಡದಲ್ಲಿ ಇನ್ನು ಕಾಯಿ ಇರಲಿಲ್ಲ. ಇನ್ನಷ್ಟು ಸಕ್ಕರೆ, ಇನ್ನಷ್ಟು ಬೆಣ್ಣೆ ಬೆರೆಸಿ, ಆರಿದ ಮೇಲೆ ಪದರಗಳಿಗೆ ತೆಳ್ಳಗೆ ಸವರಿ, ಮೇಲೆ ಚಾಕೊಲೇಟು ದಪ್ಪಗೆ ಬಳಿದಳು. ನಮ್ಮ ಕೊಟ್ಟಿಗೆಯ ಗೋಡೆಯ ಬಿರುಕನ್ನೂ ಅವಳು ಹೀಗೇ ಮುಚ್ಚಿದ್ದಳು.

ಮಾರನೇ ದಿನ ಅಕ್ಕ ಬಂದಳು. ಸೊಂಟ ಮೊದಲಿಗಿಂತ ಬಗ್ಗಿತ್ತು, ಬಾಯಿ ಬಗ್ಗಿರಲಿಲ್ಲ. "ಏನಮ್ಮಿ, ಇಂಗ್ ಇಳ್ದೋಗಿದ್ದೀಯೆ? ನಿನ್ ಅಡ್ಗೆ ನೀನೇ ಉಣ್ಣಲ್ವಾ?" ಅಂತಲೇ ಒಳಗೆ ಬಂದಳು. ಮಧ್ಯಾಹ್ನ ಕೇಕು ಇಟ್ಟೆವು. ಲತಾ ಕೊಯ್ದು ತೆಗೆದ ಹೋಳು ನೋಡಿ ನಾನೇ ಬೆರಗಾದೆ. ಕಪ್ಪು ಪದರ, ನಡುವೆ ಕೆಂಪು ಗೆರೆ, ಮತ್ತೆ ಕಪ್ಪು, ಮತ್ತೆ ಕೆಂಪು. ಸೀರೆಯ ಅಂಚಿನ ಹಾಗೆ.

ಶಿವು ಎರಡು ಹೋಳು ನುಂಗಿದ. ಅವನು ಅಗಿಯುವವನಲ್ಲ, ಚಿಕ್ಕಂದಿನಿಂದಲೂ ಹಾಗೆ. "ಅವ್ವ, ಬೇಕ್ರಿಯೋರ ಕೈಲೂ ಇಂಗ್ ಆಗಲ್ಲ ಕಣವ್ವ!" ಅಂದವನೇ ಎದ್ದು, ಮೊಳೆಯಿಂದ ಲೈಟರು ತೆಗೆದು ಎಲ್ಲರ ಮುಂದೆ ನನ್ನ ಮಡಿಲಿಗೆ ಹಾಕಿದ. ಅಕ್ಕನಿಗೆ ಅರ್ಥವಾಗಲಿಲ್ಲ. ಅವಳು ಅಗಿಯುತ್ತಿದ್ದಳು. ಎಮ್ಮೆ ಮೆಲುಕು ಹಾಕುವ ಹಾಗೆ ನಿಧಾನವಾಗಿ ಅಗಿದಳು, ನಿಲ್ಲಿಸಿದಳು, ನನ್ನ ಮುಖ ನೋಡಿದಳು, ಮತ್ತೆ ಅಗಿದಳು. ಆಮೇಲೆ ನನ್ನ ಕಿವಿಯ ಹತ್ತಿರ ಬಗ್ಗಿ ಅಂದಳು:

"ಒಂದ್ ಎಲೆ, ಒಂದ್ ಚೂರು ಅಡ್ಕೆ ಕೊಡು. ಸುಣ್ಣ ಆಗ್ಲೇ ಬಾಯಲ್ಲದೆ."

ಅವಳ ಎಲೆ ಅಡಿಕೆಗೆ ಅರವತ್ತು ವರ್ಷ ಆಗಿರಬೇಕು. ಆ ನಾಲಿಗೆಗೆ ಮೋಸ ಮಾಡಲಾಗುವುದಿಲ್ಲ. ಆದರೆ ಅವಳು ಕೂಗಿ ಹೇಳಲಿಲ್ಲ. ಲೈಟರು ನನ್ನ ಮಡಿಲಲ್ಲೇ ಇತ್ತು. ಬಾಯಿ ಮುಚ್ಚಿಕೊಂಡಿದ್ದರೆ ಗೆದ್ದ ಹಾಗೆ. ಮುಚ್ಚಿಕೊಂಡೆ ಕೂಡ. ಸುಳ್ಳು ಹೇಳಿ ಗೆಲ್ಲುವುದಕ್ಕೆ ನನಗೇನೂ ಬೇಸರವಿರಲಿಲ್ಲ, ಅದನ್ನೂ ಹೇಳಿಬಿಡುತ್ತೇನೆ.

ಅಷ್ಟರಲ್ಲಿ ಶಿವು ಉಳಿದ ಅರ್ಧ ಕೇಕನ್ನು ತಟ್ಟೆಗೆ ಹಾಕಿಕೊಂಡು ಬಾಗಿಲ ಕಡೆ ಹೊರಟ. ಪಕ್ಕದ ಮನೆಯ ಮೂರು ಮಕ್ಕಳು ಆಗಲೇ ಕಾಂಪೌಂಡು ಹತ್ತಿ ಕೂತಿದ್ದವು. ಎಲ್ಲಕ್ಕಿಂತ ಚಿಕ್ಕದಕ್ಕೆ ಹಿಂದಿನ ವಾರ ಬಾಯಿ ಹುಣ್ಣಾಗಿ ಅವರವ್ವ ಬೆಣ್ಣೆ ಕೇಳಿಕೊಂಡು ಬಂದಿದ್ದಳು. ಆ ಬಾಯಿಗೆ ಸುಣ್ಣ.

"ಬ್ಯಾಡ ನಿಂತ್ಕಳ್ಲಾ" ಅಂದೆ. "ಅದ್ರಲ್ಲಿ ಸುಣ್ಣ ಅದೆ."

"ಏನದೆ?"

"ಸುಣ್ಣ ಕಣ್ಲಾ. ಎಲೆಗೆ ಹಾಕ್ಕತೀನಲ್ಲ, ಅದೇ. ಪಾಕ ಕೂರ್ಲಿಲ್ಲ, ಹಾಕ್ಬುಟ್ಟೆ."

ಶಿವು ತಟ್ಟೆ ಹಿಡಿದುಕೊಂಡೇ ನಿಂತ. ತಿಂದ ಎರಡು ಹೋಳು ಹೊಟ್ಟೆಯಲ್ಲಿ ಎಲ್ಲಿವೆ ಎಂದು ಹುಡುಕುತ್ತಿರುವವನ ಮುಖ ಅವನದು. ಮೊದಲು ನಕ್ಕವಳು ಲತಾ. ಸೆರಗನ್ನು ಬಾಯಿಗೆ ತುರುಕಿಕೊಂಡು ಗೋಡೆಗೆ ತಿರುಗಿದಳು, ಬೆನ್ನು ಕುಣಿಯುತ್ತಿತ್ತು. "ನಂಗೊತ್ತಿತ್ತು. ಸೋಡಾ ಡಬ್ಬದ ಮುಚ್ಳ ತೆಗ್ದೇ ಇರ್ಲಿಲ್ಲ" ಅಂದಳು. ಶಿವು ತಟ್ಟೆ ಕೆಳಗಿಟ್ಟು ಕೈ ಚಾಚಿದ. ನಾನು ಲೈಟರು ಕೊಟ್ಟೆ. ಮಕ್ಕಳಿಗೆ ಬಾಳೆಹಣ್ಣು ಹೋಯಿತು.

"ಯಾಕ್ಲಾ ಲೈಟ್ರು ಕಿತ್ಕಂಡೆ?" ಅಂದಳು ಅಕ್ಕ. ಇನ್ನು ಮುಚ್ಚಿಡುವುದೇನು, ನಾನೇ ಹೇಳಿದೆ. ಹಾಲು, ಗ್ಯಾಸು, ಮೊಳೆ, ಬೆಳ್ಳುಳ್ಳಿ, ಫೋನಿನಲ್ಲಿ ಹೇಳಿದ ಸಾರುಗಳು, ಎಲ್ಲ. ಅವಳು ಆಡಿಕೊಳ್ಳಲಿ ಅಂತ ತಲೆ ಬಗ್ಗಿಸಿ ಕೂತೆ.

ಅಕ್ಕ ಬಾಯಲ್ಲಿದ್ದುದನ್ನು ನುಂಗಿದಳು. "ನಿಂಗಾದ್ರೂ ಮೊಳೆ ಒಡ್ದವ್ರೆ. ನಮ್ಮನೇಲಿ ಹೊಸಾ ಅಡ್ಗೆಮನೆ ಮಾಡ್ಸಿ, ಒಲೆ ಕಟ್ಟೆ ಇಲ್ಲೀಗಂಟ ಎತ್ತರ್ಸವ್ರೆ" ಅಂತ ತನ್ನ ಗದ್ದಕ್ಕೆ ಕೈ ಇಟ್ಟು ತೋರಿಸಿದಳು. "ನನ್ ಸೊಂಟಕ್ಕೆ ಪಾತ್ರೆ ಒಳೀಕೆ ಏನ್ ಬೇಯ್ತದೆ ಅಂತ್ಲೇ ಕಾಣಲ್ಲ. ವರ್ಸ ಆಯ್ತು ಕಣಮ್ಮಿ."

"ಮತ್ತೆ ಮೊನ್ನೆ ಉಪ್ಸಾರು ಮಾಡ್ದೆ ಅಂದೆ?"

"ನೀನ್ ಮಸ್ಸೊಪ್ಪು ಮಾಡ್ದೆ ಅಂದ್ಯಲ್ಲ, ಅದ್ಕೆ."

ಇಬ್ಬರೂ ಒಬ್ಬರ ಮುಖ ಒಬ್ಬರು ನೋಡಲಿಲ್ಲ. ಅಳುವಂಥದ್ದೇನೂ ಇರಲಿಲ್ಲ. ಇಬ್ಬರೂ ಸೇರಿ ಇಬ್ಬರು ಸೊಸೆಯಂದಿರ ಅಡುಗೆಯನ್ನು ಅಷ್ಟು ತಿಂಗಳು ಫೋನಿನಲ್ಲಿ ಹೊಗಳಿಕೊಂಡಿದ್ದೆವಲ್ಲ ಅನ್ನುವ ಸಂಕಟ ಮಾತ್ರ ಇತ್ತು.

ಶಿವು ಲೈಟರನ್ನು ಮೊಳೆಗೆ ಹಾಕಲು ಹೋದಾಗ ಲತಾ ಅಡ್ಡ ಬಂದಳು. "ಇತ್ತಾಗ್ ಕೊಡಿ. ನಾನ್ ಹೊಸದಾಗ್ ಬಂದಾಗ ಕಬ್ಬಿನ ಹಾಲಿನ ಪಾಯಸ ಒಡ್ದೋಯ್ತು ಅಂತ ಅತ್ತೆ ಒಂದು ತಿಂಗ್ಳು ನನ್ನ ಆಡ್ಕಂಡವ್ರೆ. ಪಕ್ಕದಲ್ಲೇ ನಿಂತ್ಕಂಡು ಆಡ್ಕತಿದ್ರು. ಈಗ ನನ್ ಸರದಿ. ಅತ್ತೆ ಒಲೆ ಮುಂದೆ ನಿಂತ್ಕಳ್ಲಿ, ನಾನ್ ಪಕ್ಕದಲ್ ನಿಂತ್ಕತೀನಿ. ನಾನ್ ಇಲ್ದಾಗ ಅವ್ರು ಮುಟ್ಟಂಗಿಲ್ಲ, ಅವ್ರು ಇದ್ದಾಗ ನಾನ್ ಬುಡಂಗಿಲ್ಲ."

ಶಿವು ನನ್ನನ್ನು ನೋಡಿದ. "ಒಪ್ಗೆನಾ?"

ನಾಗಮಂಗಲದವಳ ಪಹರೆಯಲ್ಲಿ ಅಡುಗೆ ಮಾಡುವುದೇ ಅಂತ ಒಂದು ಗಳಿಗೆ ಅನ್ನಿಸಿತು. ಆಮೇಲೆ ಬೆಳ್ಳುಳ್ಳಿ ನೆನಪಾಯಿತು. ಒಪ್ಪಿದೆ. ಅವತ್ತೇ ಸಂಜೆ ಸುಣ್ಣದ ಡಬ್ಬಿಯನ್ನು ಜಗಲಿಗೆ ದಾಟಿಸಿದ್ದು ಅವಳ ಕಡೆಯ ಷರತ್ತು.

ಮಾರನೇ ಬೆಳಿಗ್ಗೆ ಅವರೆಕಾಳು ಉಪ್ಪಿಟ್ಟು. ಲತಾ ಸ್ಟೌ ಹಚ್ಚಿ, ಕೈ ಕಟ್ಟಿಕೊಂಡು ಪರೀಕ್ಷೆ ಕೊಠಡಿಯ ಮೇಷ್ಟರಂತೆ ಪಕ್ಕದಲ್ಲಿ ನಿಂತಳು. ಅಕ್ಕ ಅಡುಗೆಮನೆಯ ಹೊಸಿಲ ಮೇಲೆ ಕಾಲು ಚಾಚಿ ಕೂತಿದ್ದಳು. ಎರಡು ತಿಂಗಳ ಮೇಲೆ ಕೈಗೆ ಸೌಟು ಬಂದಿತ್ತು. ಒಗ್ಗರಣೆ ಸೀಯಲಿಲ್ಲ, ರವೆ ಗಂಟಾಗಲಿಲ್ಲ. ಎಲ್ಲ ಸರಿಯಾಗಿಯೇ ನಡೆಯುತ್ತಿತ್ತು.

"ಉಪ್ ಹಾಕ್ದೇನಮ್ಮಿ?" ಅಂದಳು ಅಕ್ಕ.

ಹಾಕಿದ್ದೆ. ಚೆನ್ನಾಗಿ ನೆನಪಿತ್ತು. ಆದರೆ ಅಕ್ಕ ಕೇಳಿದ ಮೇಲೆ ಹಾಕಿದ್ದು ಇವತ್ತೋ ಯಾವತ್ತೋ ಅನ್ನಿಸಿತು. ಅವಳ ಮುಂದೆ ರುಚಿ ನೋಡಿ ಹೇಳುವುದು ನನಗೆ ಮರ್ಯಾದೆಯ ಪ್ರಶ್ನೆ. "ಈಗ್ ಹಾಕ್ತಾ ಇವ್ನಿ, ತಡ್ಕೊ" ಅಂತ ಹೇಳಿ, ಗಟ್ಟಿ ಕೈಯಲ್ಲಿ ಇನ್ನೊಂದು ಹಿಡಿ ಹಾಕಿದೆ.

ಲತಾ ನೋಡಿದಳು. ಬಾಯಿ ತೆರೆದಳು. ಹೊಸಿಲ ಮೇಲಿದ್ದ ಅಕ್ಕನನ್ನು ಕಂಡು ಮುಚ್ಚಿದಳು. ಆಮೇಲೆ ಹೋಗಿ ದೊಡ್ಡ ಚೊಂಬಿನ ತುಂಬ ನೀರು ತಂದು, ಎಲ್ಲರ ಕೈಗೂ ಸಿಗುವ ಹಾಗೆ ನಡುಮನೆಯಲ್ಲಿ ಇಟ್ಟಳು.

ತಿಂಡಿ ಮುಗಿಯುವಷ್ಟರಲ್ಲಿ ಆ ಚೊಂಬು ಮೂರು ಸಲ ಖಾಲಿಯಾಯಿತು. ಉಪ್ಪಿನ ಮಾತು ಯಾರೂ ಎತ್ತಲಿಲ್ಲ.